ಪ್ರೋಟೀನುಗಳಿಗೆ ಅಕ್ಷರ ಕೊಟ್ಟ ಮಾರ್ಗರೆಟ್ ಡೇಹಾಫ್

ದ್ವಿತೀಯ ಪಿಯುಸಿ ಜೀವಶಾಸ್ತ್ರದಲ್ಲಿ ಮಾನವ ಜೀನೋಮ್ ಯೋಜನೆಯ ಪಾಠ ಬರುತ್ತದಲ್ಲ, ಅದರಲ್ಲಿ 'ಬಯೋಇನ್ಫರ್ಮ್ಯಾಟಿಕ್ಸ್' ಎಂಬ ಪದ ಒಮ್ಮೆ ತಲೆ ಹಾಕಿ ಹೋಗುತ್ತದೆ. ಆ ಯೋಜನೆಯ ಜೊತೆಗೆ ವೇಗವಾಗಿ ಬೆಳೆದ ಹೊಸ ಕ್ಷೇತ್ರ ಎಂದಷ್ಟೇ ಹೇಳಿ ಪುಸ್ತಕ ಮುಂದಕ್ಕೆ ಸಾಗುತ್ತದೆ. ಪರೀಕ್ಷೆಗೆ ಅಷ್ಟು ಸಾಕು. ಆದರೆ ಜೀನೋಮ್ ಯೋಜನೆ ಶುರುವಾದದ್ದು 1990ರಲ್ಲಿ. ಈ ಕ್ಷೇತ್ರಕ್ಕೆ ಅಡಿಪಾಯ ಹಾಕಿದ ಮಹಿಳೆ ಅದಕ್ಕೂ ಏಳು ವರ್ಷ ಮೊದಲೇ ತೀರಿಕೊಂಡಿದ್ದರು. ಅವರ ಹೆಸರು ಮಾರ್ಗರೆಟ್ ಓಕ್ಲಿ ಡೇಹಾಫ್.

ವಾರ್ತಾಪತ್ರಕ್ಕೆ ವಿಜ್ಞಾನಿಯೊಬ್ಬರ ಜೀವನ ಬರೆದುಕೊಡಿ ಎಂದಾಗ ನಮ್ಮ ತರಗತಿಯಲ್ಲಿ ಮೊದಲು ಕೇಳಿಬರುವ ಹೆಸರುಗಳು ಕಲಾಂ, ಐನ್‌ಸ್ಟೀನ್, ಮೇರಿ ಕ್ಯೂರಿ. ನಾನು ಡೇಹಾಫ್ ಅವರನ್ನು ಆರಿಸಿಕೊಂಡದ್ದಕ್ಕೆ ಒಂದು ಕಾರಣವಿದೆ. ಎಸ್ಸೆಸ್ಸೆಲ್ಸಿ ಮುಗಿದ ಮೇಲೆ ನಾವೆಲ್ಲ ಒಂದು ಕವಲಿನಲ್ಲಿ ನಿಲ್ಲುತ್ತೇವೆ: ಪಿಸಿಎಂಬಿಯೋ, ಪಿಸಿಎಂಸಿಯೋ? ಜೀವಶಾಸ್ತ್ರ ಬೇಕಾದವರು ಈ ಕಡೆ, ಕಂಪ್ಯೂಟರ್ ಬೇಕಾದವರು ಆ ಕಡೆ. ನಾನು ಈ ಕಡೆ ಬಂದೆ, ನನ್ನ ಗೆಳತಿ ಆ ಕಡೆ ಹೋದಳು. ಎರಡೂ ಬೇಕೆನ್ನುವವರಿಗೆ ದಾರಿ ಎಲ್ಲಿದೆ ಎಂದು ಇಬ್ಬರಿಗೂ ಗೊತ್ತಿರಲಿಲ್ಲ. ಡೇಹಾಫ್ ಅವರ ಬದುಕಿನಲ್ಲಿ ಗಣಿತ, ರಸಾಯನಶಾಸ್ತ್ರ, ಕಂಪ್ಯೂಟರ್, ಜೀವಶಾಸ್ತ್ರ ನಾಲ್ಕೂ ಒಂದರ ಹಿಂದೆ ಒಂದು ಬಂದವು. ಅದಕ್ಕೆ ಅವರು ತೆತ್ತ ಬೆಲೆಯೂ ಇದೆ. ನನಗೆ ಅದೇ ಮುಖ್ಯವಾಗಿ ಕಂಡಿತು.

ಅವರು ಹುಟ್ಟಿದ್ದು 1925ರ ಮಾರ್ಚ್ 11ರಂದು, ಅಮೆರಿಕದ ಫಿಲಡೆಲ್ಫಿಯಾದಲ್ಲಿ. ತಂದೆಗೆ ಸಣ್ಣ ವ್ಯಾಪಾರ, ತಾಯಿ ಪ್ರೌಢಶಾಲೆಯ ಗಣಿತ ಶಿಕ್ಷಕಿ. ಒಬ್ಬಳೇ ಮಗಳು. ಹತ್ತು ವರ್ಷದವಳಾಗಿದ್ದಾಗ ಕುಟುಂಬ ನ್ಯೂಯಾರ್ಕಿಗೆ ಬಂತು. 1942ರಲ್ಲಿ ಬೇಸೈಡ್ ಪ್ರೌಢಶಾಲೆಗೇ ಮೊದಲಿಗಳಾಗಿ ತೇರ್ಗಡೆಯಾದಳು. ವಿದ್ಯಾರ್ಥಿವೇತನದ ಮೇಲೆ ನ್ಯೂಯಾರ್ಕ್ ವಿಶ್ವವಿದ್ಯಾಲಯ ಸೇರಿ 1945ರಲ್ಲಿ ಗಣಿತದಲ್ಲಿ ಪದವಿ ಪಡೆದಳು.

ಪಿಎಚ್.ಡಿ.ಗೆ ಕೊಲಂಬಿಯಾ ವಿಶ್ವವಿದ್ಯಾಲಯಕ್ಕೆ ಹೋದರು. ವಿಷಯ ಕ್ವಾಂಟಮ್ ರಸಾಯನಶಾಸ್ತ್ರ, ಮಾರ್ಗದರ್ಶಕರು ಜಾರ್ಜ್ ಕಿಂಬಾಲ್. ಬೆನ್ಝೀನಿನಂಥ ಉಂಗುರಗಳು ಹಲವು ಸೇರಿ ಆಗುವ ದೊಡ್ಡ ಅಣುಗಳ ರೆಸೊನೆನ್ಸ್ ಶಕ್ತಿಯನ್ನು ಲೆಕ್ಕ ಹಾಕಬೇಕಿತ್ತು. ಪ್ರಥಮ ಪಿಯುಸಿಯಲ್ಲಿ ನಾವು ಬೆನ್ಝೀನ್ ಒಂದಕ್ಕೇ ಸುಸ್ತಾಗುತ್ತೇವೆ. ಇಲ್ಲಿ ಉಂಗುರ ಹೆಚ್ಚಾದಷ್ಟೂ ಲೆಕ್ಕ ಬೆಟ್ಟವಾಗುತ್ತದೆ, ಕೈಯಲ್ಲಿ ಮಾಡುತ್ತ ಕೂತರೆ ಮುಗಿಯುವುದಿಲ್ಲ. ಆ ಕಾಲದಲ್ಲಿ ದೊಡ್ಡ ಕಂಪನಿಗಳು ಸಂಬಳ, ದಾಸ್ತಾನು, ಬಿಲ್ಲುಗಳ ಲೆಕ್ಕಕ್ಕೆ ಪಂಚ್ ಕಾರ್ಡ್ ಯಂತ್ರಗಳನ್ನು ಇಟ್ಟುಕೊಂಡಿದ್ದವು. ದಪ್ಪ ಕಾಗದದ ಕಾರ್ಡಿನಲ್ಲಿ ತೂತು ಹೊಡೆದು ಅಂಕಿ ಬರೆಯುವುದು, ಯಂತ್ರ ಆ ತೂತುಗಳನ್ನು ಓದಿ ಕೂಡಿಸಿ ಕಳೆಯುವುದು. ಮಾರ್ಗರೆಟ್ ಈ ವ್ಯಾಪಾರದ ಯಂತ್ರಗಳಿಗೆ ಅಣುವಿನ ಲೆಕ್ಕವನ್ನು ಕೊಟ್ಟರು. ಅದನ್ನು ನೋಡಿ ಕೊಲಂಬಿಯಾದಲ್ಲೇ ಐಬಿಎಂ ನಡೆಸುತ್ತಿದ್ದ ವಾಟ್ಸನ್ ಪ್ರಯೋಗಾಲಯ ಅವರಿಗೆ ಫೆಲೋಶಿಪ್ ಕೊಟ್ಟಿತು. ಆ ಕಾಲಕ್ಕೆ ಲಭ್ಯವಿದ್ದ ಒಳ್ಳೆಯ ಯಂತ್ರಗಳು ಹೀಗೆ ಕೈಗೆ ಸಿಕ್ಕವು. 1948ರಲ್ಲಿ ಪಿಎಚ್.ಡಿ. ಆಯಿತು. ವಯಸ್ಸು 23. ಅದೇ ವರ್ಷ ಭೌತವಿಜ್ಞಾನಿ ಎಡ್ವರ್ಡ್ ಡೇಹಾಫ್ ಅವರೊಂದಿಗೆ ಮದುವೆಯೂ ಆಯಿತು.

ಮುಂದಿನ ಮೂರು ವರ್ಷ ನ್ಯೂಯಾರ್ಕಿನ ರಾಕ್‌ಫೆಲರ್ ಸಂಸ್ಥೆಯಲ್ಲಿ ವಿದ್ಯುದ್ರಸಾಯನಶಾಸ್ತ್ರ. ಆಮೇಲೆ ಗಂಡನ ಕೆಲಸದ ಕಡೆಗೆ, ಮೇರಿಲ್ಯಾಂಡ್ ರಾಜ್ಯಕ್ಕೆ ಸ್ಥಳಾಂತರ. ಇಬ್ಬರು ಹೆಣ್ಣುಮಕ್ಕಳು ಹುಟ್ಟಿದರು. ಕೆಲವು ವರ್ಷ ಸಂಶೋಧನೆಯಿಂದ ದೂರವೇ ಉಳಿದರು. 1957ರಲ್ಲಿ ಮೇರಿಲ್ಯಾಂಡ್ ವಿಶ್ವವಿದ್ಯಾಲಯದಲ್ಲಿ ಎರಡು ವರ್ಷದ ಫೆಲೋಶಿಪ್ ಹಿಡಿದು ಮತ್ತೆ ಶುರುಮಾಡಿದರು. ಮದುವೆಯಾಗಿ ಮಕ್ಕಳಾದ ಮೇಲೆ ಓದು ಮುಗಿದಂತೆ ಎಂಬ ಮಾತನ್ನು ನಾವು ಹುಡುಗಿಯರು ಎಷ್ಟು ಸಲ ಕೇಳಿಲ್ಲ? ಡೇಹಾಫ್ ಅವರ ಹೆಸರು ಇಂದು ಉಳಿದಿರುವುದು ಯಾವ ಕೆಲಸದಿಂದಲೋ ಅದೆಲ್ಲವೂ ಆ ಬಿಡುವಿನ ನಂತರದ್ದು.

1960ರಲ್ಲಿ ರಾಬರ್ಟ್ ಲೆಡ್ಲಿ ಎಂಬುವವರು ನ್ಯಾಷನಲ್ ಬಯೋಮೆಡಿಕಲ್ ರಿಸರ್ಚ್ ಫೌಂಡೇಶನ್ ಎಂಬ ಸಣ್ಣ ಸಂಸ್ಥೆ ಕಟ್ಟಿದರು. ಈ ಲೆಡ್ಲಿ ಓದಿದ್ದು ದಂತವೈದ್ಯ, ಜೊತೆಗೆ ಭೌತಶಾಸ್ತ್ರ. ಮುಂದೆ ಇಡೀ ದೇಹವನ್ನು ತೋರಿಸುವ ಸಿಟಿ ಸ್ಕ್ಯಾನರ್ ಮಾಡಿದವರೂ ಇವರೇ. ಕಂಪ್ಯೂಟರನ್ನು ವೈದ್ಯಕೀಯಕ್ಕೂ ಜೀವಶಾಸ್ತ್ರಕ್ಕೂ ತರಬೇಕು ಎಂಬುದು ಅವರ ಹಟ. ಆಗಿನ ಹೆಚ್ಚಿನ ಜೀವವಿಜ್ಞಾನಿಗಳಿಗೆ ಕಂಪ್ಯೂಟರ್ ಎಂದರೆ ಕ್ಷಿಪಣಿಯವರ, ಬ್ಯಾಂಕಿನವರ ಯಂತ್ರ. ಲೆಡ್ಲಿ ತಮ್ಮ ಸಂಸ್ಥೆಗೆ ಸಹ ನಿರ್ದೇಶಕಿಯಾಗಿ ಡೇಹಾಫ್ ಅವರನ್ನು ಕರೆದರು. ಅವರು ಇಪ್ಪತ್ತೊಂದು ವರ್ಷ ಆ ಹುದ್ದೆಯಲ್ಲಿದ್ದರು.

ಮೊದಲ ದೊಡ್ಡ ಕೆಲಸವನ್ನು ಸ್ವಲ್ಪ ವಿವರವಾಗಿ ಹೇಳಬೇಕು. ಪ್ರೋಟೀನ್ ಎಂದರೆ ಅಮೈನೊ ಆಮ್ಲಗಳ ಸರಪಳಿ. ಇಪ್ಪತ್ತು ಬಗೆಯ ಮಣಿಗಳಿಂದ ಪೋಣಿಸಿದ ಸರ ಎಂದುಕೊಳ್ಳಿ. ಯಾವ ಮಣಿಯ ನಂತರ ಯಾವ ಮಣಿ ಎನ್ನುವುದೇ ಅದರ ಅನುಕ್ರಮ. ಇಂಗ್ಲೆಂಡಿನ ಫ್ರೆಡರಿಕ್ ಸ್ಯಾಂಗರ್ 51 ಅಮೈನೊ ಆಮ್ಲಗಳ ಇನ್ಸುಲಿನ್‌ನ ಅನುಕ್ರಮವನ್ನು ಹಲವು ವರ್ಷ ದುಡಿದು ಬಿಡಿಸಿದ್ದರು, ಅದಕ್ಕೆ 1958ರಲ್ಲಿ ನೊಬೆಲ್ ಬಂತು. ಉದ್ದದ ಸರವನ್ನು ಒಂದೇ ಸಲಕ್ಕೆ ಓದಲು ಆಗುತ್ತಿರಲಿಲ್ಲ. ಕಿಣ್ವ ಹಾಕಿ ತುಂಡು ಮಾಡಬೇಕು, ತುಂಡುಗಳನ್ನು ಬೇರೆ ಬೇರೆ ಓದಬೇಕು. ಆದರೆ ತುಂಡು ಮಾಡಿದ ಮೇಲೆ ಯಾವುದು ಮೊದಲು, ಯಾವುದು ಆಮೇಲೆ ಎಂಬುದು ಕಳೆದುಹೋಗುತ್ತದೆ. ಅದಕ್ಕೆ ಅದೇ ಪ್ರೋಟೀನನ್ನು ಇನ್ನೊಂದು ಕಿಣ್ವದಿಂದ ಬೇರೆ ಜಾಗಗಳಲ್ಲಿ ಕತ್ತರಿಸಿ, ಎರಡೂ ರಾಶಿಗಳನ್ನು ಪಕ್ಕಪಕ್ಕ ಇಟ್ಟು ಹೊಂದಿಸುತ್ತಿದ್ದರು.

ಇದನ್ನು ನಾನು ಕಾಗದದ ಚೂರುಗಳಲ್ಲಿ ಮಾಡಿ ನೋಡಿದೆ, ನೀವೂ ಮಾಡಬಹುದು. ಒಂದು ವಾಕ್ಯದ ಅಕ್ಷರಗಳನ್ನು ಜಾಗ ಬಿಡದೆ ಬರೆದು ಕತ್ತರಿಸಿದಾಗ ಸಿಕ್ಕ ಚೂರುಗಳು: ರಸರ, ಬರೆದ, ಅಮ, ಳಪದ. ಇಷ್ಟರಿಂದ ವಾಕ್ಯ ಯಾವುದೆಂದು ನಿಶ್ಚಯವಾಗಿ ಹೇಳಲಾಗದು. ಅದೇ ವಾಕ್ಯವನ್ನು ಬೇರೆ ಕಡೆ ಕತ್ತರಿಸಿದಾಗ ಸಿಕ್ಕವು: ದಬರೆದ, ಅಮರಸ, ರಳಪ. ಈಗ ನೋಡಿ. 'ಅಮರಸ' ಎಂಬ ಚೂರು 'ಅಮ' ಆದ ಮೇಲೆ 'ರಸರ' ಬರಬೇಕೆಂದು ಹೇಳುತ್ತದೆ. 'ರಳಪ' ಎಂಬುದು 'ರಸರ'ವನ್ನೂ 'ಳಪದ'ವನ್ನೂ ಜೋಡಿಸುತ್ತದೆ. 'ದಬರೆದ' ಕೊನೆಯ ಬೆಸುಗೆ. ಅಮರ ಸರಳ ಪದ ಬರೆದ! ಹನ್ನೊಂದು ಅಕ್ಷರಕ್ಕೆ ಇಷ್ಟು ಯೋಚನೆ ಬೇಕಾದರೆ ನೂರಾರು ಅಮೈನೊ ಆಮ್ಲಗಳಿರುವ, ಒಂದೇ ಆಮ್ಲ ಹತ್ತಾರು ಸಲ ಬರುವ ಪ್ರೋಟೀನಿಗೆ ಎಷ್ಟು ಬೇಕು? ನಡುವೆ ಒಂದು ತುಂಡು ತಪ್ಪಾಗಿ ಓದಿದ್ದರಂತೂ ಮುಗಿಯಿತು.

ಡೇಹಾಫ್ ಮತ್ತು ಲೆಡ್ಲಿ ಈ ಕೆಲಸವನ್ನು ಐಬಿಎಂ 7090 ಕಂಪ್ಯೂಟರಿಗೆ ಒಪ್ಪಿಸಿದರು. ಫೋರ್‌ಟ್ರಾನ್ ಭಾಷೆಯಲ್ಲಿ ಬರೆದ ಆ ಪ್ರೋಗ್ರಾಂನ ಹೆಸರು 'ಕಾಂಪ್ರೋಟೀನ್', 1962ರಲ್ಲಿ ಪ್ರಕಟವಾಯಿತು. ತುಂಡುಗಳ ಪಟ್ಟಿಯನ್ನು ಕಾರ್ಡುಗಳಲ್ಲಿ ತೂತು ಹೊಡೆದು ಕೊಟ್ಟರೆ ಅವು ಒಂದರ ಮೇಲೊಂದು ಎಲ್ಲಿ ಹೊಂದುತ್ತವೆ ಎಂದು ಯಂತ್ರ ಹುಡುಕುತ್ತಿತ್ತು. ಪರೀಕ್ಷೆಗೆ ರೈಬೊನ್ಯೂಕ್ಲಿಯೇಸ್ ಎಂಬ ಕಿಣ್ವವನ್ನು ಬಳಸಿದರು. ಅದರಲ್ಲಿ 124 ಅಮೈನೊ ಆಮ್ಲಗಳಿವೆ. ತಿಂಗಳುಗಟ್ಟಲೆ ಕೂತು ಹೊಂದಿಸಬೇಕಾದದ್ದನ್ನು ಯಂತ್ರ ಕೆಲವೇ ನಿಮಿಷಗಳಲ್ಲಿ ಹೊಂದಿಸಿತು. ಇಂದು ಡಿಎನ್‌ಎಯ ಕೋಟ್ಯಂತರ ತುಂಡುಗಳನ್ನು ಕಂಪ್ಯೂಟರಿನಲ್ಲಿ ಜೋಡಿಸಿ ಜೀನೋಮ್ ಕಟ್ಟುತ್ತಾರಲ್ಲ, ಅದರ ಮೂಲ ಯೋಚನೆ ಇಲ್ಲಿದೆ.

ಇದರ ನಡುವೆ ಅವರ ಕಣ್ಣು ಆಕಾಶದ ಕಡೆಗೂ ಹೋಯಿತು. ಎಲ್ಲಿಸ್ ಲಿಪಿಂಕಾಟ್, ಖಗೋಳವಿಜ್ಞಾನಿ ಕಾರ್ಲ್ ಸೇಗನ್ ಮುಂತಾದವರ ಜೊತೆ ಸೇರಿ ಶುಕ್ರ, ಮಂಗಳ, ಗುರು ಗ್ರಹಗಳ ವಾತಾವರಣದಲ್ಲಿ, ಜೀವ ಹುಟ್ಟುವ ಮೊದಲಿನ ಭೂಮಿಯಲ್ಲಿ ಯಾವ ಯಾವ ಅನಿಲಗಳು ಎಷ್ಟೆಷ್ಟು ಸಮತೋಲನದಲ್ಲಿರಬಹುದು ಎಂದು ಕಂಪ್ಯೂಟರಿನಲ್ಲಿ ಲೆಕ್ಕ ಹಾಕಿದರು. ಅದೇ ಒಂದು ದೊಡ್ಡ ಕಥೆ, ಇಲ್ಲಿ ಜಾಗವಿಲ್ಲ. ಆದರೆ ಜೀವ ಹೇಗೆ ಶುರುವಾಯಿತು ಎಂಬ ಕುತೂಹಲ ಅವರನ್ನು ಕೊನೆಯವರೆಗೂ ಬಿಡಲಿಲ್ಲ.

ಅಮೈನೊ ಆಮ್ಲಗಳನ್ನು ನಮ್ಮ ಪುಸ್ತಕದಲ್ಲಿ ಮೂರು ಅಕ್ಷರದಲ್ಲಿ ಬರೆಯುತ್ತಾರೆ. ಕುಡಗೋಲು ಕಣ ರಕ್ತಹೀನತೆಯ ಪಾಠದಲ್ಲಿ ಆರನೆಯ ಜಾಗದ 'ಗ್ಲು' ಹೋಗಿ 'ವ್ಯಾಲ್' ಬರುತ್ತದೆ ಎಂದು ಓದಿದ್ದೇವೆ, ಅದೇ. ಮನುಷ್ಯರಿಗೆ ಓದಲು ಇದು ಸುಲಭ. ಆದರೆ ಒಂದು ಪಂಚ್ ಕಾರ್ಡಿನಲ್ಲಿ 80 ಅಂಕಣ ಮಾತ್ರ ಇರುತ್ತಿತ್ತು. ರೈಬೊನ್ಯೂಕ್ಲಿಯೇಸನ್ನು ಮೂರು ಅಕ್ಷರದ ಹೆಸರುಗಳಲ್ಲಿ, ನಡುನಡುವೆ ಅಡ್ಡಗೆರೆ ಹಾಕಿ ಬರೆದರೆ 495 ಅಂಕಣ ಬೇಕು, ಅಂದರೆ ಏಳು ಕಾರ್ಡು. ಒಂದೊಂದಕ್ಕೆ ಒಂದೇ ಅಕ್ಷರ ಕೊಟ್ಟರೆ ಎರಡೇ ಕಾರ್ಡು ಸಾಕು. ಎರಡು ಪ್ರೋಟೀನುಗಳನ್ನು ಒಂದರ ಕೆಳಗೆ ಒಂದು ಇಟ್ಟು ನೋಡುವುದೂ ಆಗ ಸಲೀಸು.

ಆದ್ದರಿಂದ ಡೇಹಾಫ್ ಇಪ್ಪತ್ತು ಆಮ್ಲಗಳಿಗೆ ಒಂದೊಂದು ಇಂಗ್ಲಿಷ್ ಅಕ್ಷರ ಹಂಚಿದರು. ಹಂಚಿದ ರೀತಿ ನಮ್ಮ ನೆನಪಿನ ಸೂತ್ರಗಳಂತೆಯೇ ಇದೆ. ಗ್ಲೈಸೀನ್, ಅಲನೀನ್, ವ್ಯಾಲೀನ್, ಲ್ಯೂಸೀನ್‌ಗಳಿಗೆ ತಮ್ಮ ಮೊದಲ ಅಕ್ಷರವೇ ಸಿಕ್ಕಿತು: ಜಿ, ಎ, ವಿ, ಎಲ್. ಒಂದೇ ಅಕ್ಷರಕ್ಕೆ ಹಲವರು ಬಂದಾಗ ಉಳಿದವರಿಗೆ ಉಪಾಯ ಹುಡುಕಬೇಕಾಯಿತು. ಫಿನೈಲ್ ಅಲನೀನ್ ಕಿವಿಗೆ ಕೇಳಿಸುವಂತೆ ಎಫ್ ಆಯಿತು. ಆರ್ಜಿನೀನ್‌ನಲ್ಲಿ ಗಟ್ಟಿಯಾಗಿ ಕೇಳಿಸುವುದು ಆರ್. ಟೈರೊಸೀನ್‌ಗೆ ಎರಡನೆಯ ಅಕ್ಷರವಾದ ವೈ. ಲೈಸೀನ್‌ಗೆ ವರ್ಣಮಾಲೆಯಲ್ಲಿ ಎಲ್‌ನ ಪಕ್ಕದ ಕೆ. ಟ್ರಿಪ್ಟೊಫ್ಯಾನ್ ಅಣುವಿನಲ್ಲಿ ಎರಡು ಉಂಗುರಗಳಿವೆ, ದಪ್ಪ ಅಣು, ಅದಕ್ಕೆ ಅಗಲವಾದ ಡಬ್ಲ್ಯೂ! ಇದನ್ನು ಓದಿ ನಾನು ನಗುತ್ತಲೇ ಇಪ್ಪತ್ತನ್ನೂ ಕಲಿತುಬಿಟ್ಟೆ. 1968ರಲ್ಲಿ ಅಂತರರಾಷ್ಟ್ರೀಯ ಸಮಿತಿ ಒಂದಕ್ಷರದ ಪದ್ಧತಿಯನ್ನು ಅಂಗೀಕರಿಸಿತು.

ಕೋವಿಡ್ ಕಾಲದಲ್ಲಿ ಸುದ್ದಿಯಲ್ಲಿ 'ಡಿ614ಜಿ' ಎಂಬ ರೂಪಾಂತರದ ಹೆಸರು ಬರುತ್ತಿತ್ತು. ವೈರಸ್ಸಿನ ಮುಳ್ಳಿನ ಪ್ರೋಟೀನಿನಲ್ಲಿ 614ನೆಯ ಜಾಗದಲ್ಲಿದ್ದ ಆಸ್ಪಾರ್ಟಿಕ್ ಆಮ್ಲ ಹೋಗಿ ಗ್ಲೈಸೀನ್ ಬಂದಿದೆ ಎಂದು ಅದರ ಅರ್ಥ. ಪಂಚ್ ಕಾರ್ಡ್ ಉಳಿಸಲು ಹುಟ್ಟಿದ ಅಕ್ಷರಗಳೇ ಅವು.

ಇನ್ನು ಅವರ ಜೀವಮಾನದ ಕೆಲಸ. 1960ರ ದಶಕದ ಹೊತ್ತಿಗೆ ಬೇರೆ ಬೇರೆ ದೇಶದ ಪ್ರಯೋಗಾಲಯಗಳು ಒಂದೊಂದೇ ಪ್ರೋಟೀನಿನ ಅನುಕ್ರಮ ಬಿಡಿಸಿ ಬೇರೆ ಬೇರೆ ಪತ್ರಿಕೆಗಳಲ್ಲಿ ಪ್ರಕಟಿಸುತ್ತಿದ್ದವು. ಎಲ್ಲವೂ ಒಂದೆಡೆ ಇಲ್ಲ. ಡೇಹಾಫ್ ಮತ್ತು ಸಹೋದ್ಯೋಗಿಗಳಾದ ರಿಚರ್ಡ್ ಎಕ್, ಮೇರಿ ಚಾಂಗ್, ಮಿನ್ನಿ ಸೊಚಾರ್ಡ್ ಆ ಪತ್ರಿಕೆಗಳನ್ನೆಲ್ಲ ಹುಡುಕಿ, ಅನುಕ್ರಮಗಳನ್ನು ಕಾರ್ಡಿಗೆ ಇಳಿಸಿ, ತಪ್ಪು ತಿದ್ದಿ, 1965ರಲ್ಲಿ 'ಅಟ್ಲಾಸ್ ಆಫ್ ಪ್ರೋಟೀನ್ ಸೀಕ್ವೆನ್ಸ್ ಅಂಡ್ ಸ್ಟ್ರಕ್ಚರ್' ಎಂಬ ಪುಸ್ತಕ ತಂದರು. ಅದರಲ್ಲಿ ಇದ್ದದ್ದು 65 ಪ್ರೋಟೀನುಗಳು. ಆ ದಿನಕ್ಕೆ ಅಷ್ಟೇ ದೊಡ್ಡ ಸಂಗ್ರಹ. ಮುಂದೆ 1978ರವರೆಗೆ ಹೊಸ ಸಂಪುಟಗಳು, ಪುರವಣಿಗಳು ಬರುತ್ತಲೇ ಇದ್ದವು, ಪ್ರತಿ ಸಲವೂ ಪುಸ್ತಕ ದಪ್ಪವಾಗುತ್ತಿತ್ತು.

ಸಂಗ್ರಹಿಸುವುದೇನು ಮಹಾ ಎನಿಸಬಹುದು. ಆಗಿನ ಹಲವು ಜೀವರಸಾಯನಶಾಸ್ತ್ರಜ್ಞರಿಗೂ ಹಾಗೆಯೇ ಅನಿಸಿತ್ತು. ಪ್ರಯೋಗಾಲಯದಲ್ಲಿ ಕೈ ಸುಟ್ಟುಕೊಂಡು ಅನುಕ್ರಮ ಬಿಡಿಸಿದವರು ಅವರು, ಕೂತು ಪಟ್ಟಿ ಮಾಡಿದವರು ಇವರು. ಇದು ಗುಮಾಸ್ತಿಕೆ, ಸಂಶೋಧನೆಯಲ್ಲ ಎಂಬ ಭಾವನೆ ಇತ್ತು. ಪ್ರಕಟವಾಗದ ಅನುಕ್ರಮಗಳನ್ನು ಕಳುಹಿಸಿಕೊಡಿ ಎಂದು ಕೇಳಿದರೆ ಕೊಡಲು ಹಿಂಜರಿಯುವವರೇ ಹೆಚ್ಚು. ವರ್ಷಗಟ್ಟಲೆ ದುಡಿದದ್ದನ್ನು ತಾನು ಪ್ರಕಟಿಸುವ ಮೊದಲೇ ಬೇರೆಯವರ ಪುಸ್ತಕಕ್ಕೆ ಯಾರು ಕೊಟ್ಟಾರು? ಅವರ ದೃಷ್ಟಿಯಿಂದ ನೋಡಿದರೆ ಅದೂ ನ್ಯಾಯವೇ.

ಆದರೆ ಒಂದೆಡೆ ಸೇರಿಸಿದಾಗ ಮಾತ್ರ ಕಾಣುವ ಸಂಗತಿಗಳಿವೆ. 1966ರಲ್ಲಿ ಎಕ್ ಮತ್ತು ಡೇಹಾಫ್ ಫೆರೆಡಾಕ್ಸಿನ್ ಎಂಬ ಪುಟ್ಟ ಪ್ರೋಟೀನನ್ನು ಪರಿಶೀಲಿಸಿದರು. ಬ್ಯಾಕ್ಟೀರಿಯಾದ ಆ ಪ್ರೋಟೀನಿನಲ್ಲಿ 55 ಅಮೈನೊ ಆಮ್ಲಗಳು. ಅದರ ಮೊದಲ ಅರ್ಧವೂ ಎರಡನೆಯ ಅರ್ಧವೂ ಒಂದನ್ನೊಂದು ಹೋಲುತ್ತಿದ್ದವು. ಹಾಗಾದರೆ ಬಹಳ ಹಿಂದೆ ಇದು ಅರ್ಧದಷ್ಟೇ ಇತ್ತು, ಯಾವಾಗಲೋ ಎರಡು ಪಟ್ಟಾಯಿತು. ಇನ್ನೂ ಹಿಂದಕ್ಕೆ ಹೋದರೆ ನಾಲ್ಕೇ ಅಮೈನೊ ಆಮ್ಲಗಳ ತುಣುಕೊಂದು ಮತ್ತೆ ಮತ್ತೆ ಮರುಕಳಿಸಿ ಈ ಸರಪಳಿ ಬೆಳೆದಿರಬೇಕು ಎಂದು ಅವರು ತೋರಿಸಿದರು. ಪಳೆಯುಳಿಕೆಯನ್ನು ನೆಲ ಅಗೆದು ಹುಡುಕುವುದನ್ನು ಕೇಳಿದ್ದೇವೆ. ಇವರು ಅದನ್ನು ಜೀವಂತ ಕೋಶದ ಪ್ರೋಟೀನಿನಲ್ಲೇ ಹುಡುಕಿದರು. ಹಾಗೆಯೇ ಒಂದೇ ಪ್ರೋಟೀನು ಬೇರೆ ಬೇರೆ ಪ್ರಾಣಿಗಳಲ್ಲಿ ಎಷ್ಟು ಬದಲಾಗಿದೆ ಎಂದು ಹೋಲಿಸಿ ಕಂಪ್ಯೂಟರಿನಿಂದ ವಂಶವೃಕ್ಷ ಬಿಡಿಸಿದವರಲ್ಲಿ ಇವರೂ ಮೊದಲಿಗರು.

ಅಟ್ಲಾಸ್‌ನಿಂದ ಹೊರಟ ಇನ್ನೊಂದು ಫಲ 'ಪ್ಯಾಮ್' ಕೋಷ್ಟಕ. ಎರಡು ಪ್ರೋಟೀನುಗಳನ್ನು ಹೋಲಿಸುವಾಗ ಕೆಲವು ಜಾಗಗಳಲ್ಲಿ ಅಕ್ಷರ ಬೇರೆ ಇರುತ್ತದೆ. ಎಲ್ಲ ವ್ಯತ್ಯಾಸಕ್ಕೂ ಒಂದೇ ಅಂಕ ಕಳೆಯುವುದು ಸರಿಯೇ? ಲ್ಯೂಸೀನ್ ಜಾಗಕ್ಕೆ ಅದರಂತೆಯೇ ಇರುವ ಐಸೊಲ್ಯೂಸೀನ್ ಬಂದರೆ ಪ್ರೋಟೀನಿಗೆ ಅಷ್ಟೇನೂ ತೊಂದರೆ ಇಲ್ಲ. ಟ್ರಿಪ್ಟೊಫ್ಯಾನ್ ಹೋದರೆ ಕೆಲಸವೇ ಕೆಡಬಹುದು. ಊಹೆಯ ಮೇಲೆ ಅಂಕ ಕೊಡುವ ಬದಲು ಪ್ರಕೃತಿ ಏನು ಮಾಡಿದೆ ಎಂದು ಎಣಿಸಿ ನೋಡೋಣ ಎಂದು ಡೇಹಾಫ್ ತಂಡ ಹೊರಟಿತು. ತೀರಾ ಹತ್ತಿರದ ಸಂಬಂಧವಿರುವ ಪ್ರೋಟೀನುಗಳ 71 ಗುಂಪುಗಳನ್ನು ತೆಗೆದುಕೊಂಡು, ಅವುಗಳಲ್ಲಿ ನಡೆದುಹೋದ 1572 ಬದಲಾವಣೆಗಳನ್ನು ಎಣಿಸಿತು. ಯಾವುದು ಯಾವುದಕ್ಕೆ ಎಷ್ಟು ಸಲ ಬದಲಾಗಿದೆ ಎಂಬ ಎಣಿಕೆಯಿಂದ ಸಂಭವನೀಯತೆಯ ಕೋಷ್ಟಕ ಕಟ್ಟಿತು. ನೂರು ಅಮೈನೊ ಆಮ್ಲಕ್ಕೆ ಒಂದು ಬದಲಾವಣೆ ಆಗುವಷ್ಟು ವಿಕಾಸದ ದೂರವೇ ಒಂದು ಪ್ಯಾಮ್. ಆ ಕೋಷ್ಟಕವನ್ನು, ನಾವು ಗಣಿತದಲ್ಲಿ ಮಾಡುವ ಮಾತೃಕೆಗಳ ಗುಣಾಕಾರದ ಹಾಗೆಯೇ, ಅದರಿಂದಲೇ ಮತ್ತೆ ಮತ್ತೆ ಗುಣಿಸಿದರೆ ದೂರದ ಸಂಬಂಧಿಗಳನ್ನು ಅಳೆಯುವ ಪ್ಯಾಮ್ 250 ಸಿಗುತ್ತದೆ. ಮಾತೃಕೆಯ ಅಧ್ಯಾಯ ಓದುವಾಗ ಇದೆಲ್ಲ ಯಾವ ಉಪಯೋಗಕ್ಕೆ ಎಂದು ಕೇಳುವವರಿಗೆ ನನ್ನ ಬಳಿ ಈಗ ಉತ್ತರವಿದೆ. ಪೂರ್ಣ ರೂಪದಲ್ಲಿ ಇದು ಬಂದದ್ದು 1978ರಲ್ಲಿ.

ಈ ಹೋಲಿಕೆಯ ಶಕ್ತಿ 1982ರಲ್ಲಿ ಚೆನ್ನಾಗಿ ಕಂಡಿತು. ಕೋಳಿಗಳಲ್ಲಿ ಕ್ಯಾನ್ಸರ್ ತರುವ ವೈರಸ್ಸಿನ 'ಸಾರ್ಕ್' ಎಂಬ ಜೀನಿನ ಪ್ರೋಟೀನು, ಸಸ್ತನಿಗಳ ಕೋಶದಲ್ಲಿ ಸಹಜವಾಗಿ ಕೆಲಸ ಮಾಡುವ ಒಂದು ಕೈನೇಸ್ ಕಿಣ್ವಕ್ಕೆ ಸಂಬಂಧಿ ಎಂದು ವಿನೋನಾ ಬಾರ್ಕರ್ ಮತ್ತು ಡೇಹಾಫ್ ಪ್ರಕಟಿಸಿದರು. ಒಂದು ಹನಿ ರಾಸಾಯನಿಕವನ್ನೂ ಮುಟ್ಟದೆ, ಅಕ್ಷರಗಳ ಸಾಲುಗಳನ್ನು ಹೋಲಿಸಿ ಕಂಡುಕೊಂಡದ್ದು. ಇದನ್ನು ಗುಮಾಸ್ತಿಕೆ ಎನ್ನುವುದು ಹೇಗೆ?

ಈಗ ಕಹಿಯಾದ ಭಾಗ. ಸಂಗ್ರಹದ ಕೆಲಸಕ್ಕೆ ಹಣದ ಅಭಾವ ಸದಾ ಇತ್ತು. ಹೊಸ ಪ್ರಯೋಗಕ್ಕೆ ಅನುದಾನ ಸಿಗುವಷ್ಟು ಸುಲಭವಾಗಿ ಹಳೆಯದನ್ನು ಜೋಪಾನ ಮಾಡಲು ಸಿಗುವುದಿಲ್ಲ. ಹೀಗಾಗಿ ಸಂಸ್ಥೆ ಅಟ್ಲಾಸನ್ನು ಮಾರಿ ಖರ್ಚಿನ ಒಂದು ಪಾಲನ್ನು ತುಂಬಿಸಿಕೊಳ್ಳುತ್ತಿತ್ತು, ಸಂಗ್ರಹವನ್ನು ಬೇರೆಯವರು ಮರುಹಂಚಿಕೆ ಮಾಡದಂತೆ ನಿರ್ಬಂಧವನ್ನೂ ಹಾಕಿತ್ತು. ಸಂಶೋಧಕರಿಗೆ ಇದು ಹಿಡಿಸಲಿಲ್ಲ. ಅನುಕ್ರಮ ನಮ್ಮದು, ನಾವೇ ಪ್ರಕಟಿಸಿದ್ದು, ಅದನ್ನು ಮರಳಿ ನಮಗೇ ಮಾರುವುದೇ ಎಂಬ ಅಸಮಾಧಾನ.

1977ರ ಹೊತ್ತಿಗೆ ಡಿಎನ್‌ಎ ಅನುಕ್ರಮವನ್ನು ವೇಗವಾಗಿ ಓದುವ ವಿಧಾನಗಳು ಬಂದವು, ಮಾಹಿತಿ ಪ್ರವಾಹದಂತೆ ಹರಿಯತೊಡಗಿತು. ಡೇಹಾಫ್ ಹಿಂದೆ ಬೀಳಲಿಲ್ಲ. ಡಿಎನ್‌ಎ ಅನುಕ್ರಮಗಳ ಸಂಗ್ರಹವನ್ನೂ ಕಟ್ಟಿದರು. 1980ರಲ್ಲಿ ಅದನ್ನು ದೂರವಾಣಿ ತಂತಿಯ ಮೂಲಕ ಬೇರೆ ಊರಿನ ಸಂಶೋಧಕರು ತಮ್ಮ ಕಂಪ್ಯೂಟರಿನಿಂದಲೇ ನೋಡುವ ವ್ಯವಸ್ಥೆ ಮಾಡಿದರು. ಅಮೆರಿಕ ಸರ್ಕಾರ ರಾಷ್ಟ್ರೀಯ ಡಿಎನ್‌ಎ ಭಂಡಾರಕ್ಕೆ ಗುತ್ತಿಗೆ ಕರೆದಾಗ ಡೇಹಾಫ್ ತಂಡವೂ ಮುಂದೆ ಬಂತು. ಹದಿನೇಳು ವರ್ಷದ ಅನುಭವ ಇದ್ದದ್ದು ಅವರಿಗೇ. ಆದರೆ 1982ರಲ್ಲಿ ಗುತ್ತಿಗೆ ಸಿಕ್ಕಿದ್ದು ಲಾಸ್ ಅಲಾಮೋಸ್ ಪ್ರಯೋಗಾಲಯದ ವಾಲ್ಟರ್ ಗೋಡ್ ಅವರ ಗುಂಪು ಒಂದು ಕಂಪನಿಯೊಂದಿಗೆ ಸೇರಿ ಸಲ್ಲಿಸಿದ ಪ್ರಸ್ತಾವಕ್ಕೆ. ಅದೇ ಇಂದಿನ ಜೆನ್‌ಬ್ಯಾಂಕ್. ಸಂಗ್ರಹದ ಮೇಲೆ ಯಾವ ಹಕ್ಕನ್ನೂ ಇಟ್ಟುಕೊಳ್ಳುವುದಿಲ್ಲ, ಎಲ್ಲರಿಗೂ ಮುಕ್ತ ಎಂದು ಆ ಗುಂಪು ಹೇಳಿತ್ತು.

ನಾನು ಇದರ ಬಗ್ಗೆ ಬಹಳ ಯೋಚಿಸಿದೆ. ಜ್ಞಾನ ಎಲ್ಲರಿಗೂ ತೆರೆದಿರಬೇಕು ಎನ್ನುವುದರಲ್ಲಿ ನನಗೆ ಅನುಮಾನವಿಲ್ಲ. ಆ ತೀರ್ಮಾನದಿಂದ ವಿಜ್ಞಾನಕ್ಕೆ ಒಳಿತೇ ಆಯಿತು. ಆದರೆ ಅನುದಾನ ಕೊಡದೆ, ಮಾರಿದರೆ ಆಕ್ಷೇಪಿಸಿ, ಕೊನೆಗೆ ಅದೇ ಕಾರಣಕ್ಕೆ ಕೆಲಸವನ್ನು ಬೇರೆಯವರಿಗೆ ಕೊಟ್ಟರೆ ಹದಿನೇಳು ವರ್ಷ ಅಕ್ಷರ ಅಕ್ಷರ ಕೂಡಿಸಿದವರಿಗೆ ಹೇಗೆನಿಸಿರಬೇಕು? ಗ್ರಂಥಾಲಯದಲ್ಲಿ ಪುಸ್ತಕ ಜೋಡಿಸುವವರ ಹೆಸರು ನಮಗೆ ಗೊತ್ತಿರುವುದಿಲ್ಲ, ಪುಸ್ತಕ ಸಿಗದಿದ್ದ ದಿನ ಮಾತ್ರ ಅವರನ್ನು ಹುಡುಕುತ್ತೇವೆ.

ಗೌರವ ಬರಲೇ ಇಲ್ಲ ಎಂದೂ ಅಲ್ಲ. ಬಯೋಫಿಸಿಕಲ್ ಸೊಸೈಟಿಯಲ್ಲಿ ಹಲವು ವರ್ಷ ಕಾರ್ಯದರ್ಶಿಯಾಗಿದ್ದು, ಆಮೇಲೆ ಅಧ್ಯಕ್ಷೆಯೂ ಆದರು. ಆ ಸಂಘದಲ್ಲಿ ಪದಾಧಿಕಾರಿಯಾದ ಮೊದಲ ಮಹಿಳೆ ಅವರು. ಅವರ ಮಕ್ಕಳಲ್ಲಿ ಒಬ್ಬರು ವೈದ್ಯೆಯಾಗಿ ವೈದ್ಯಕೀಯದಲ್ಲಿ ಕಂಪ್ಯೂಟರ್ ಬಳಕೆಯ ಕಡೆಗೆ ಹೋದರು, ಇನ್ನೊಬ್ಬರು ಗಣಿತ ಮತ್ತು ಜೀವಭೌತಶಾಸ್ತ್ರದ ಕಡೆಗೆ.

ಗುತ್ತಿಗೆ ಕೈತಪ್ಪಿದ ಮೇಲೂ ಡೇಹಾಫ್ ಸುಮ್ಮನಾಗಲಿಲ್ಲ. ಡಿಎನ್‌ಎ ಹೋದರೆ ಹೋಗಲಿ, ಪ್ರೋಟೀನು ಇದೆಯಲ್ಲ! ಪ್ರೋಟೀನುಗಳ ಮಾಹಿತಿಗೆ ಶಾಶ್ವತವಾದ, ಕಂಪ್ಯೂಟರಿನ ಮೂಲಕ ಎಲ್ಲರೂ ಬಳಸಬಹುದಾದ ಕೇಂದ್ರವೊಂದು ಬೇಕೆಂದು ಹೊಸ ಪ್ರಸ್ತಾವ ಸಿದ್ಧಪಡಿಸಿ ಸರ್ಕಾರದ ಆರೋಗ್ಯ ಸಂಸ್ಥೆಗೆ ಕಳುಹಿಸಿದರು. ಕಳುಹಿಸಿ ಎರಡು ವಾರವೂ ಆಗಿರಲಿಲ್ಲ, 1983ರ ಫೆಬ್ರವರಿ 5ರಂದು ಹೃದಯಾಘಾತದಿಂದ ತೀರಿಕೊಂಡರು. ವಯಸ್ಸು 57.

ಮರುವರ್ಷ, 1984ರಲ್ಲಿ, ಆ ಕೇಂದ್ರ 'ಪ್ರೋಟೀನ್ ಇನ್ಫರ್ಮೇಶನ್ ರಿಸೋರ್ಸ್' ಎಂಬ ಹೆಸರಿನಲ್ಲಿ ಶುರುವಾಯಿತು. ಲೆಡ್ಲಿ, ಬಾರ್ಕರ್ ಮುಂತಾದ ಸಹೋದ್ಯೋಗಿಗಳು ಅದನ್ನು ನಡೆಸಿದರು. ಅದೇ ವರ್ಷ ಬಯೋಫಿಸಿಕಲ್ ಸೊಸೈಟಿ ಅವರ ಹೆಸರಿನಲ್ಲಿ ಯುವ ಮಹಿಳಾ ವಿಜ್ಞಾನಿಗಳಿಗೆ ಪ್ರಶಸ್ತಿಯನ್ನು ಸ್ಥಾಪಿಸಿತು. 2002ರಲ್ಲಿ ಅವರ ಕೇಂದ್ರದ ಸಂಗ್ರಹ ಯುರೋಪಿನ ಸಂಗ್ರಹಗಳ ಜೊತೆ ಸೇರಿ ಯುನಿಪ್ರಾಟ್ ಆಯಿತು. 65 ಪ್ರೋಟೀನಿನ ಪುಸ್ತಕದಿಂದ ಹೊರಟದ್ದು ಈಗ ಕೋಟಿಗಳಲ್ಲಿದೆ, ಹಣ ಕೊಡಬೇಕಿಲ್ಲ, ಅನುಮತಿ ಬೇಕಿಲ್ಲ. ನಮ್ಮ ಕಾಲೇಜಿನ ಕಂಪ್ಯೂಟರ್ ಲ್ಯಾಬಿನಲ್ಲಿ ಗೆಳತಿಯ ಪಕ್ಕ ಕೂತು ನಾನು ಅದರಲ್ಲಿ ಮನುಷ್ಯರ ಹಿಮೊಗ್ಲೋಬಿನ್ ಬೀಟಾ ಸರಪಳಿಯನ್ನು ತೆರೆದು ನೋಡಿದೆ. ಎಂ, ವಿ, ಎಚ್, ಎಲ್, ಟಿ, ಪಿ, ಇ, ಇ ಎಂದು ಸಾಲು ಶುರುವಾಗುತ್ತದೆ. ಮೊದಲ ಎಂ ಅನ್ನು ಕೋಶ ಕತ್ತರಿಸಿ ತೆಗೆಯುತ್ತದೆ, ಆದ್ದರಿಂದ ಅದನ್ನು ಬಿಟ್ಟು ಎಣಿಸಿ. ಆರನೆಯ ಜಾಗದಲ್ಲಿರುವ ಇ ಎಂದರೆ ಗ್ಲುಟಾಮಿಕ್ ಆಮ್ಲ. ಕುಡಗೋಲು ಕಣ ರೋಗದಲ್ಲಿ ವಿ ಬಂದು ಕೂರುವುದು ಅಲ್ಲಿಯೇ.